ಚನ್ನಪಟ್ಟಣದ ಗೊಂಬೆಗಳು: ಅಂದು, ಇಂದು, ಮುಂದು?

ನವರಾತ್ರಿ ಹತ್ತಿರ ಬಂತೆಂದರೆ ನಮ್ಮ ಮನೆಗಳಲ್ಲಿ ಅಟ್ಟದಿಂದ ರಟ್ಟಿನ ಪೆಟ್ಟಿಗೆಗಳು ಕೆಳಗಿಳಿಯುತ್ತವೆ. ಹಳೆಯ ಕನ್ನಡ ದಿನಪತ್ರಿಕೆಗಳಲ್ಲಿ ಸುತ್ತಿಟ್ಟ ಪಟ್ಟದ ಗೊಂಬೆಗಳು, ಶೆಟ್ಟರು-ಶೆಟ್ಟಮ್ಮ, ದಶಾವತಾರದ ಸಾಲು ಒಂದೊಂದಾಗಿ ಹೊರಬರುತ್ತವೆ. ಎಲ್ಲಕ್ಕಿಂತ ಕೊನೆಗೆ, ಪೆಟ್ಟಿಗೆಯ ತಳದಿಂದ, ಬೆರಳುದ್ದದ ಬೀಸುವ ಕಲ್ಲು, ಒರಳು, ಕೊಡ, ಬುಗುರಿ, ಗಿಲಕಿಗಳು. ಕೆಂಪು, ಹಳದಿ, ಹಸಿರು ಬಣ್ಣಗಳಲ್ಲಿ ಫಳಫಳ ಹೊಳೆಯುವ ಚನ್ನಪಟ್ಟಣದ ಆಟದ ಸಾಮಾನು. ಇವನ್ನು ನಾವು ಯಾವಾಗಲೂ ಕೆಳಗಿನ ಮೆಟ್ಟಿಲಿನಲ್ಲಿ, ಖಾಲಿ ಜಾಗ ತುಂಬುವುದಕ್ಕೆಂದು ಇಡುತ್ತಿದ್ದೆವು. ಬಂದವರು ಮೇಲಿನ ಸಾಲುಗಳನ್ನು ನೋಡಿ ಹೊಗಳುತ್ತಿದ್ದರು, ಸುಂಡಲ್ ತಿಂದು ಹೋಗುತ್ತಿದ್ದರು.

ಈಚಿನ ಕೆಲವು ವರ್ಷಗಳಿಂದ ಒಂದು ಬದಲಾವಣೆ ಕಾಣುತ್ತಿದೆ. ಅಮೆರಿಕದಲ್ಲೇ ಹುಟ್ಟಿ ಬೆಳೆದು, ಈಗ ಕಾಲೇಜಿಗೋ ಕೆಲಸಕ್ಕೋ ಹೋಗುವ ನಮ್ಮ ಮಕ್ಕಳು ಗೊಂಬೆ ನೋಡಲು ಬಂದರೆ ಮೊದಲು ಕೈ ಹಾಕುವುದು ಆ ಕೆಳಗಿನ ಮೆಟ್ಟಿಲಿಗೆ. ಬುಗುರಿ ತಿರುಗಿಸಿ ನೋಡುತ್ತಾರೆ. ಒರಳನ್ನು ಅಂಗೈ ಮೇಲೆ ಇಟ್ಟುಕೊಂಡು "ಇದನ್ನು ಯಾರು ಮಾಡ್ತಾರೆ?" ಎಂದು ಕೇಳುತ್ತಾರೆ. ಒಬ್ಬ ಹುಡುಗಿಯ ಕಿವಿಯಲ್ಲಿ ಚನ್ನಪಟ್ಟಣದ ಮರದ ಓಲೆ; ಹೊಸದಾಗಿ ತಂದೆಯಾದ ಇನ್ನೊಬ್ಬನ ಮನೆಯಲ್ಲಿ ಕೂಸಿಗೆ ಚನ್ನಪಟ್ಟಣದ ಗಿಲಕಿ. ಹಿತ್ತಲ ಗಿಡ ಮದ್ದಲ್ಲ ಎಂದುಕೊಂಡಿದ್ದ ನಮಗೆ, ಹಿತ್ತಲನ್ನೇ ಕಾಣದ ಮಕ್ಕಳು ಬಂದು ಆ ಗಿಡದ ಹೆಸರು ಹೇಳುವಂತಾಗಿದೆ!

ಇಲ್ಲಿ ನಮ್ಮದೊಂದು ತಪ್ಪನ್ನು ಒಪ್ಪಿಕೊಳ್ಳುವುದು ಒಳ್ಳೆಯದು. ಒಂದು ಕಾಲದಲ್ಲಿ ಊರಿಗೆ ಹೊರಟಾಗ ನಮ್ಮ ಸೂಟ್‌ಕೇಸುಗಳಲ್ಲಿ ಏನಿರುತ್ತಿತ್ತು? ಅಣ್ಣನ ಮಗಳಿಗೆ ಬಾರ್ಬಿ, ಅಕ್ಕನ ಮಗನಿಗೆ ಬ್ಯಾಟರಿ ಹಾಕಿದರೆ ಓಡುವ ಕಾರು. ಅವನ್ನು ಕೊಟ್ಟಾಗ ಆ ಮಕ್ಕಳ ಕಣ್ಣು ಅರಳಿದ್ದನ್ನು ಕಂಡು ನಾವು ಹಿಗ್ಗಿದ್ದೂ ಉಂಟು. ಅದೇ ಮನೆಯ ಮೂಲೆಯಲ್ಲಿ ಬಿದ್ದಿದ್ದ ಮರದ ತಳ್ಳುಗಾಡಿಯನ್ನು ಯಾರೂ ನೋಡಲಿಲ್ಲ. ಬೆಂಗಳೂರಿನಿಂದ ಮೈಸೂರಿಗೆ ಹೋಗುವಾಗ ಚನ್ನಪಟ್ಟಣದ ರಸ್ತೆ ಬದಿಯ ಅಂಗಡಿಗಳಲ್ಲಿ ಸಾಲಾಗಿ ತೂಗುಹಾಕಿದ್ದ ಗೊಂಬೆಗಳನ್ನು ಕಿಟಕಿಯಿಂದಲೇ ನೋಡಿ, ಮದ್ದೂರು ವಡೆಯ ಯೋಚನೆಯಲ್ಲಿ ಮುಂದೆ ಸಾಗಿದವರು ನಾವು. ಆದ್ದರಿಂದ ಈ ಊರಿನ ಗೊಂಬೆಗಳ ಇತಿಹಾಸವನ್ನು ಒಮ್ಮೆ ತಿರುವಿ ನೋಡುವುದು ನಮಗೂ ನಮ್ಮ ಮಕ್ಕಳಿಗೂ ಉಪಯುಕ್ತವೆಂದು ತೋರಿತು. ಯುವಜನರ ಈ ಹೊಸ ಒಲವು ಕಸುಬನ್ನು ಉಳಿಸೀತೇ ಎಂಬ ಪ್ರಶ್ನೆಗೆ ಆ ಇತಿಹಾಸದಲ್ಲಿಯೇ ಒಂದು ಉತ್ತರವಿದೆ.

ಚನ್ನಪಟ್ಟಣ ಬೆಂಗಳೂರಿನಿಂದ ಸುಮಾರು 60 ಕಿಲೋಮೀಟರ್ ದೂರದಲ್ಲಿ, ರಾಮನಗರಕ್ಕೂ ಮದ್ದೂರಿಗೂ ನಡುವೆ ಇದೆ. ಹೆಸರೇ ಹೇಳುವಂತೆ ಚೆನ್ನಾದ ಪಟ್ಟಣ. ವಿಜಯನಗರದ ಕೊನೆಗಾಲದಲ್ಲಿ ಜಗದೇವರಾಯನ ವಂಶದವರು ಇಲ್ಲಿಂದ ಆಳುತ್ತಿದ್ದರು. 1630ರಲ್ಲಿ ಊರು ಮೈಸೂರು ಒಡೆಯರ ವಶವಾಯಿತು. ನಾವು ಶಾಲೆಯಲ್ಲಿ ಓದುವಾಗ ಅದು ಬೆಂಗಳೂರು ಜಿಲ್ಲೆಯಲ್ಲಿತ್ತು. 1986ರಲ್ಲಿ ಬೆಂಗಳೂರು ಗ್ರಾಮಾಂತರಕ್ಕೆ ಸೇರಿತು, 2007ರಲ್ಲಿ ರಾಮನಗರ ಜಿಲ್ಲೆಗೆ ಸೇರಿತು, 2025ರಲ್ಲಿ ಆ ಜಿಲ್ಲೆಗೇ ಬೆಂಗಳೂರು ದಕ್ಷಿಣ ಎಂದು ಹೆಸರಾಯಿತು. ಜಿಲ್ಲೆಯ ಹೆಸರು ಎಷ್ಟು ಸಲ ಬದಲಾದರೂ ಜನರ ಬಾಯಲ್ಲಿ ಮಾತ್ರ ಅದು ಗೊಂಬೆಗಳ ಊರು.

ಆದರೆ ಹಿಂದೆ ಈ ಊರಿಗೆ ಹೆಸರು ತಂದದ್ದು ಗೊಂಬೆ ಮಾತ್ರವಲ್ಲ. ಟಿಪ್ಪು ಸುಲ್ತಾನನ ಪತನವಾದ ಮರುವರ್ಷ, 1800ರಲ್ಲಿ, ಈಸ್ಟ್ ಇಂಡಿಯಾ ಕಂಪನಿಯ ಪರವಾಗಿ ಮೈಸೂರು ಸೀಮೆಯನ್ನು ಸುತ್ತಿದ ಫ್ರಾನ್ಸಿಸ್ ಬುಕಾನನ್ ಇಲ್ಲಿಗೂ ಬಂದಿದ್ದ. ಸಂಗೀತ ವಾದ್ಯಗಳಿಗೆ ಬೇಕಾದ ಉಕ್ಕಿನ ತಂತಿಯನ್ನು ಇಲ್ಲಿ ಎಳೆಯುತ್ತಾರೆಂದೂ, ಅದಕ್ಕೆ ಬಹಳ ಬೇಡಿಕೆಯಿದ್ದು ದೇಶದ ದೂರದ ಭಾಗಗಳಿಗೂ ಹೋಗುತ್ತದೆಂದೂ ಬರೆದುಕೊಂಡ. ಗಾಜು ಕರಗಿಸಿ ಬಳೆ ಮಾಡುವವರನ್ನೂ ಕಂಡ. ನೂರು ವರ್ಷಗಳ ನಂತರ, 1908ರ ಇಂಪೀರಿಯಲ್ ಗೆಜೆಟಿಯರಿನಲ್ಲಿ ಚನ್ನಪಟ್ಟಣದ ವಿಷಯ ಬರುವಾಗ ಕೋಟೆಯ ಬಳಿಯ ಶುಕ್ರವಾರಪೇಟೆಯ ಹೆಸರಿದೆ. ಆ ಪೇಟೆ ಮೂರು ಕಸುಬುಗಳಿಗೆ ಪ್ರಸಿದ್ಧವೆಂದು ಅಲ್ಲಿ ಹೇಳಿದೆ: ಅರಗಿನ ಸಾಮಾನು ಮತ್ತು ಗೊಂಬೆಗಳು, ವಾದ್ಯಗಳ ಉಕ್ಕಿನ ತಂತಿ, ಗಾಜಿನ ಬಳೆ. ಓದುಗರು ಈ ಮೂರನ್ನೂ ದಯವಿಟ್ಟು ನೆನಪಿನಲ್ಲಿಡಬೇಕು. ಕೊನೆಯಲ್ಲಿ ಇವುಗಳಿಗೇ ಮರಳಿ ಬರುತ್ತೇವೆ.

ಗೊಂಬೆ ಕಸುಬು ಹೇಗೆ ಬಂತು? ಟಿಪ್ಪು ಸುಲ್ತಾನನು ಪರ್ಷಿಯಾದಿಂದ ಕುಶಲಕರ್ಮಿಗಳನ್ನು ಕರೆಸಿ ಊರಿನವರಿಗೆ ಕಲಿಸಿದನೆಂದು ಚನ್ನಪಟ್ಟಣದ ಯಾರನ್ನು ಕೇಳಿದರೂ ಹೇಳುತ್ತಾರೆ. ಇದು ಊರು ತಲೆತಲಾಂತರದಿಂದ ಹೇಳಿಕೊಂಡು ಬಂದ ಕತೆ. ಇದರಲ್ಲಿ ಗಮನಿಸಬೇಕಾದ ಅಂಶವೊಂದಿದೆ. ಬಹಳ ಊರುಗಳು ತಮ್ಮ ಕಸುಬನ್ನು ವಿಶ್ವಕರ್ಮನೇ ಕೊಟ್ಟದ್ದು, ಅನಾದಿಯಿಂದ ಬಂದದ್ದು ಎನ್ನುತ್ತವೆ. ಚನ್ನಪಟ್ಟಣದವರು ಮಾತ್ರ "ಹೊರಗಿನವರಿಂದ ಕಲಿತೆವು" ಎಂದು ಹೆಮ್ಮೆಯಿಂದ ಹೇಳಿಕೊಳ್ಳುತ್ತಾರೆ. ಕಲಿಯುವುದರಲ್ಲಿ ಈ ಊರಿಗೆ ಸಂಕೋಚವಿಲ್ಲ. ಮುಂದೆ ಎರಡು ಮೂರು ಸಲ ಇದೇ ಗುಣ ಊರನ್ನು ಕಾಪಾಡಿತು.

ಮರದ ವಿಷಯಕ್ಕೆ ಬರೋಣ. ಇಲ್ಲಿಯ ಗೊಂಬೆಗೆ ಮೊದಲಿನಿಂದ ಬಳಸಿದ್ದು ಆಲೆಮರ. ಕೊಯ್ದರೆ ಹಾಲು ಸುರಿಸುವ ಈ ಮರವನ್ನು ಕೆಲವು ಕಡೆ ಹಾಲೆಮರ ಎನ್ನುತ್ತಾರೆ. ಒಣಗಿದ ಮೇಲೆ ದಂತದಂತೆ ಬಿಳಿ, ನುಣುಪು. ಎಳೆ ಬಲು ಸಣ್ಣದಾದ್ದರಿಂದ ಉಳಿ ತಾಗಿದರೆ ಸೀಳದೆ ಬೆಣ್ಣೆಯಂತೆ ಕಡೆದುಕೊಳ್ಳುತ್ತದೆ. ಇದೇ ಮರದ ಎಲೆಯಿಂದ ನೀಲಿ ಬಣ್ಣ ತೆಗೆಯುತ್ತಿದ್ದುದೂ ಉಂಟು. ಇದರ ಸಸ್ಯಶಾಸ್ತ್ರೀಯ ಹೆಸರು ರೈಟಿಯ ಟಿಂಕ್ಟೋರಿಯ, ಅದರಲ್ಲಿನ ಎರಡನೆಯ ಪದಕ್ಕೆ ಬಣ್ಣ ಕೊಡುವಂಥದ್ದು ಎಂದರ್ಥ. ಮರವನ್ನು ತಂದು, ತೊಗಟೆ ತೆಗೆದು, ಚೆನ್ನಾಗಿ ಒಣಗಿಸಿ, ತುಂಡು ಮಾಡಿ ಲೇತಿಗೆ ಸಿಕ್ಕಿಸುತ್ತಾರೆ. ಹಳೆಯ ಕಾಲದ ಕೈಲೇತಿನಲ್ಲಿ ಕುಶಲಕರ್ಮಿ ನೆಲದ ಮೇಲೆ ಕುಳಿತು, ಒಂದು ಕೈಯಲ್ಲಿ ಬಿಲ್ಲು ಎಳೆದು ಮರವನ್ನು ತಿರುಗಿಸುತ್ತ, ಇನ್ನೊಂದು ಕೈಯಲ್ಲಿ ಉಳಿ ಹಿಡಿದು ಕಡೆಯುತ್ತಿದ್ದ. ಆಮೇಲೆ ಕರೆಂಟಿನ ಲೇತ್ ಬಂತು. ಕೈಕೆಲಸದ ಮರ್ಮ ಮಾತ್ರ ಬದಲಾಗಲಿಲ್ಲ.

ಬಣ್ಣ ಹಚ್ಚುವ ವಿಧಾನವಂತೂ ನೋಡಿಯೇ ತಿಳಿಯಬೇಕು. ಕುಂಚವಿಲ್ಲ, ಬಣ್ಣದ ಡಬ್ಬಿಯಿಲ್ಲ. ಅರಗಿಗೆ ಬಣ್ಣ ಕಲಸಿ ಕಡ್ಡಿಯಾಗಿ ಮಾಡಿಟ್ಟುಕೊಂಡಿರುತ್ತಾರೆ. ಲೇತಿನ ಮೇಲೆ ರಭಸವಾಗಿ ತಿರುಗುವ ಮರಕ್ಕೆ ಆ ಕಡ್ಡಿಯನ್ನು ಒತ್ತಿ ಹಿಡಿಯುತ್ತಾರೆ. ಉಜ್ಜುವಿಕೆಯ ಬಿಸಿಗೆ ಅರಗು ಕರಗಿ ಮರಕ್ಕೆ ಅಂಟುತ್ತದೆ. ನಂತರ ತಾಳೆಗರಿಯನ್ನು ಒತ್ತಿ ಹಿಡಿದರೆ, ಅರಗು ಸಮನಾಗಿ ಹರಡಿ ಕನ್ನಡಿಯಂತೆ ಹೊಳೆಯುತ್ತದೆ. ಈ ತಾಳೆಯೆಂದರೆ ನಮ್ಮ ಹೆಂಗಸರು ಮುಡಿಯುತ್ತಿದ್ದ ಕೇದಗೆಯೇ. ಎಲ್ಲ ಕೆಲವೇ ನಿಮಿಷಗಳ ಕೆಲಸ. ಆದರೆ ಎಷ್ಟು ಒತ್ತಬೇಕು, ಯಾವಾಗ ಕೈ ತೆಗೆಯಬೇಕು ಎಂಬುದನ್ನು ಯಾವ ಪುಸ್ತಕವೂ ಹೇಳಿಕೊಡಲಾರದು. ಕಲಿತವರ ಪಕ್ಕದಲ್ಲಿ ವರ್ಷಗಟ್ಟಲೆ ಕುಳಿತರೆ ಮಾತ್ರ ಬರುವ ವಿದ್ಯೆ ಅದು. ಅರಗೆಂದರೆ ಬೇರೇನೂ ಅಲ್ಲ, ಮರದ ಕೊಂಬೆಗಳ ಮೇಲೆ ಒಂದು ಸಣ್ಣ ಕೀಟ ಸ್ರವಿಸುವ ಅಂಟು. ಪಾಂಡವರನ್ನು ಸುಡಲೆಂದು ಕೌರವರು ಕಟ್ಟಿಸಿದ ಅರಗಿನ ಮನೆಯ ಕತೆ ಕೇಳಿದ ನಮಗೆ ಈ ಹೆಸರು ಹೊಸದಲ್ಲ. ಮನೆ ಸುಟ್ಟ ಅದೇ ಅರಗು ಇಲ್ಲಿ ಮಕ್ಕಳ ಕೈಗೆ ಬುಗುರಿಯಾಗಿ ಬಂತು.

ಇಪ್ಪತ್ತನೆಯ ಶತಮಾನದ ಆರಂಭದ ಹೊತ್ತಿಗೆ ಚನ್ನಪಟ್ಟಣದ ಕಸುಬು ಹೊಸ ದಾರಿ ಹಿಡಿಯಿತು. ಅದಕ್ಕೆ ಕಾರಣರಾದವರೆಂದು ಊರಿನವರು ಇಂದಿಗೂ ನೆನೆಯುವುದು ಬಾವಾಸ್ ಮಿಯಾನ್ ಅವರನ್ನು. ಚನ್ನಪಟ್ಟಣದ ಗೊಂಬೆಗಳ ಪಿತಾಮಹ ಎಂದೇ ಅವರನ್ನು ಕರೆಯುತ್ತಾರೆ. ಜಪಾನಿನ ಗೊಂಬೆ ತಯಾರಿಕೆಯ ರೀತಿಗಳನ್ನು ಕಲಿತು, ಅದನ್ನು ಇಲ್ಲಿಯ ಮರಕ್ಕೂ ಅರಗಿಗೂ ಒಗ್ಗಿಸಿ, ಊರಿನ ಹುಡುಗರಿಗೆ ಹೇಳಿಕೊಟ್ಟವರು ಅವರೆಂದು ಊರು ಹೇಳುತ್ತದೆ. ಜಪಾನಿನ ಅರಗು ಕೀಟದ್ದಲ್ಲ, ಮರದ ರಸ. ಅದನ್ನು ಕುಂಚದಿಂದ ಪದರ ಪದರವಾಗಿ ಹಚ್ಚಿ ದಿನಗಟ್ಟಲೆ ಆರಿಸುತ್ತಾರೆ. ಹಾಗಾಗಿ ಅಲ್ಲಿಯದನ್ನು ಹಾಗೆಯೇ ನಕಲು ಮಾಡುವುದು ಸಾಧ್ಯವೇ ಇರಲಿಲ್ಲ. ಆಕಾರ, ಬಣ್ಣಗಳ ಜೋಡಣೆ, ಕೆಲಸದ ಅಚ್ಚುಕಟ್ಟು ಇವನ್ನು ಕಲಿಯಬಹುದಿತ್ತು. ಕೈಕೆಲಸ ಮಾತ್ರ ನಮ್ಮದೇ ಉಳಿಯಿತು.

ಇನ್ನೊಂದು ಮಾತು. ಶುಕ್ರವಾರಪೇಟೆಯ ಲೇತಿನ ಮುಂದೆ ಕುಳಿತವರಲ್ಲಿ ಮುಸಲ್ಮಾನರೂ ಇದ್ದರು, ಹಿಂದೂಗಳೂ ಇದ್ದರು, ಇಂದಿಗೂ ಇದ್ದಾರೆ. ನಮ್ಮ ಅಜ್ಜಿಯರು ನವರಾತ್ರಿಯ ಮೆಟ್ಟಿಲಿನ ಮೇಲೆ ಬುಗುರಿಯನ್ನೋ ಕುಂಕುಮದ ಭರಣಿಯನ್ನೋ ಇಡುವಾಗ, ಅದನ್ನು ಕಡೆದ ಕೈ ಯಾವ ದೇವರಿಗೆ ಮುಗಿಯುತ್ತದೆಂದು ಕೇಳಿದವರಲ್ಲ. ಕುಂಕುಮದ ಭರಣಿ ಮುಸಲ್ಮಾನರ ಮನೆಯಲ್ಲಿ ಹುಟ್ಟಿ ಬ್ರಾಹ್ಮಣರ ದೇವರ ಮನೆ ಸೇರುತ್ತಿತ್ತು. ಇದು ಯಾರೂ ಭಾಷಣ ಮಾಡದೆ ನಡೆದುಕೊಂಡು ಬಂದ ವ್ಯವಹಾರ.

ಸ್ವಾತಂತ್ರ್ಯದ ನಂತರ ಕರಕುಶಲ ಕಲೆಗಳಿಗೆ ದೇಶದಲ್ಲೇ ಒಂದು ಹೊಸ ಗೌರವ ಬಂತು. ಅದರ ಹಿಂದೆ ಇದ್ದವರು ನಮ್ಮ ಕನ್ನಡ ನಾಡಿನವರೇ ಆದ ಕಮಲಾದೇವಿ ಚಟ್ಟೋಪಾಧ್ಯಾಯ ಎಂಬುದು ನಮಗೆ ಹೆಮ್ಮೆಯ ವಿಷಯ. 1903ರಲ್ಲಿ ಮಂಗಳೂರಿನಲ್ಲಿ ಹುಟ್ಟಿದ ಅವರು ಉಪ್ಪಿನ ಸತ್ಯಾಗ್ರಹದಲ್ಲಿ ಸೆರೆಮನೆ ಕಂಡವರು. 1952ರಲ್ಲಿ ಅಖಿಲ ಭಾರತ ಕರಕುಶಲ ಮಂಡಳಿ ಸ್ಥಾಪನೆಯಾದಾಗ ಅದರ ಹೊಣೆ ಹೊತ್ತು, ಹಳ್ಳಿ ಹಳ್ಳಿ ತಿರುಗಿ, ಕೈಕಸುಬಿನವರನ್ನು ಹುಡುಕಿ ಅವರ ಸಾಮಾನಿಗೆ ಮಾರುಕಟ್ಟೆ ದೊರಕಿಸಿದರು. 1964ರಲ್ಲಿ ನಮ್ಮ ರಾಜ್ಯದ ಕರಕುಶಲ ಅಭಿವೃದ್ಧಿ ನಿಗಮ ಪ್ರಾರಂಭವಾಯಿತು. ಬೆಂಗಳೂರಿನ ಮಹಾತ್ಮ ಗಾಂಧಿ ರಸ್ತೆಯ ಕಾವೇರಿ ಎಂಪೋರಿಯಂ ಅದರದೇ. ಮುಂದೆ ರಾಜ್ಯ ಸರ್ಕಾರದ ವಿಶ್ವ ಯೋಜನೆ ಮತ್ತು ಡಚ್ ಸರ್ಕಾರದ ನೆರವಿನಿಂದ ಚನ್ನಪಟ್ಟಣದಲ್ಲಿ ಲೇತುಗಳಿರುವ ಕರಕುಶಲ ಸಂಕೀರ್ಣವೂ, ಕುಶಲಕರ್ಮಿಗಳಿಗೆ ಮನೆಗಳೂ ಆದವು.

ಇಷ್ಟೆಲ್ಲ ಆದರೂ ಕಸುಬು ಕುಂದತೊಡಗಿತು. 1991ರ ಉದಾರೀಕರಣದ ನಂತರ ಪೇಟೆಯ ರೂಪವೇ ಬದಲಾಯಿತು. 2001ರ ಏಪ್ರಿಲಿನಲ್ಲಿ ಆಮದಿನ ಮೇಲಿದ್ದ ಪರಿಮಾಣದ ಮಿತಿಗಳು ಹೋದ ಮೇಲೆ ಚೀನಾದ ಪ್ಲಾಸ್ಟಿಕ್ ಗೊಂಬೆಗಳು ಹಳ್ಳಿಯ ಜಾತ್ರೆಯ ತನಕ ಬಂದವು. ಅವಕ್ಕೆ ಕೀಲಿ ಇತ್ತು, ದೀಪ ಇತ್ತು, ಹಾಡೂ ಇತ್ತು. ಬೆಲೆ ಮರದ ಗೊಂಬೆಗಿಂತ ಕಡಿಮೆ. ದಿನಕ್ಕೆ ಇಷ್ಟು ಡಜನ್ ಬುಗುರಿ ಕಡೆದರೆ ಇಷ್ಟು ಕೂಲಿ ಎಂಬ ಲೆಕ್ಕದಲ್ಲಿ ಬದುಕಿದ್ದ ಮನೆಗಳಲ್ಲಿ ಲೇತುಗಳು ನಿಂತವು. ವಿದ್ಯೆ ಇದ್ದವರು ಬೇರೆ ಕೂಲಿ ಹುಡುಕಿಕೊಂಡು ಹೋದರು. ನಮ್ಮ ಸೂಟ್‌ಕೇಸಿನಲ್ಲಿದ್ದ ಬಾರ್ಬಿಯೂ ಈ ಪ್ರವಾಹದ ಒಂದು ಹನಿಯೇ ಎಂಬುದನ್ನು ಮರೆಯುವಂತಿಲ್ಲ.

ತಿರುವು ಬಂದದ್ದು ಅನಿರೀಕ್ಷಿತ ದಿಕ್ಕಿನಿಂದ. 2007ರಲ್ಲಿ ಇಲ್ಲಿ ಅಮೆರಿಕದಲ್ಲಿ ಮ್ಯಾಟೆಲ್ ಕಂಪನಿ ಚೀನಾದಲ್ಲಿ ತಯಾರಾದ ಲಕ್ಷಾಂತರ ಆಟಿಕೆಗಳನ್ನು ವಾಪಸು ಪಡೆದದ್ದು ಆಗ ಮಕ್ಕಳನ್ನು ಸಾಕುತ್ತಿದ್ದ ನಮ್ಮ ಸದಸ್ಯರಿಗೆಲ್ಲ ನೆನಪಿರಬೇಕು. ಬಣ್ಣದಲ್ಲಿ ಸೀಸ ಇತ್ತು. ಮರುವರ್ಷ, 2008ರಲ್ಲಿ, ಮಕ್ಕಳ ಸಾಮಾನುಗಳಲ್ಲಿ ಸೀಸಕ್ಕೆ ಬಿಗಿ ಮಿತಿ ಹಾಕುವ ಕಾನೂನು ಇಲ್ಲಿ ಬಂತು. ಕೂಸು ಬಾಯಿಗೆ ಹಾಕಿಕೊಳ್ಳುವ ಸಾಮಾನಿನಲ್ಲಿ ಏನಿದೆ ಎಂದು ಹೊಸ ತಂದೆತಾಯಂದಿರು ಮೊದಲ ಬಾರಿಗೆ ಕೇಳತೊಡಗಿದರು. ಆ ಪ್ರಶ್ನೆಗೆ ಚನ್ನಪಟ್ಟಣದಲ್ಲಿ ಹಳೆಯ ಉತ್ತರವಿತ್ತು: ಮರ, ಅರಗು, ಅರಿಸಿನ, ನೀಲಿ, ತಾಳೆಗರಿ.

ಅಷ್ಟರಲ್ಲಿ ಊರಿನಲ್ಲೂ ಕೆಲಸ ನಡೆದಿತ್ತು. 2005-06ರಲ್ಲಿ ಚನ್ನಪಟ್ಟಣದ ಗೊಂಬೆಗೆ ಭೌಗೋಳಿಕ ಸೂಚಿಕೆಯ ನೋಂದಣಿ ದೊರೆಯಿತು. ಅಂದರೆ ಬೇರೆ ಊರಿನವರು ಈ ಹೆಸರಿನಲ್ಲಿ ಮಾರುವಂತಿಲ್ಲ. ವಿನ್ಯಾಸ ಕಲಿತ ಯುವಕ ಯುವತಿಯರು ಊರಿಗೆ ಬಂದು ಕುಶಲಕರ್ಮಿಗಳ ಪಕ್ಕದಲ್ಲಿ ಕುಳಿತರು. ಮಾಯಾ ಆರ್ಗ್ಯಾನಿಕ್‌ನಂಥ ಸಂಸ್ಥೆಗಳು ಸಸ್ಯಜನ್ಯ ಬಣ್ಣಗಳಿಗೆ ಮರಳಿ, ಹೊರದೇಶದ ಪರೀಕ್ಷೆಗಳಲ್ಲಿ ಗೆಲ್ಲುವಂಥ ಸಾಮಾನು ಮಾಡಿಸಿದವು. ಬುಗುರಿ, ಗಿಲಕಿಗಳ ಜೊತೆಗೆ ಓಲೆ, ಬಳೆ, ದೀಪದ ಕಂಬ, ಬಟ್ಟಲು, ಲೆಕ್ಕ ಕಲಿಸುವ ಮಣಿಗಳು ಬಂದವು. 2010ರ ನವೆಂಬರಿನಲ್ಲಿ ಅಧ್ಯಕ್ಷ ಒಬಾಮಾ ಅವರೊಂದಿಗೆ ಭಾರತಕ್ಕೆ ಹೋಗಿದ್ದ ಮಿಶೆಲ್ ಒಬಾಮಾ ದೆಹಲಿಯ ಕರಕುಶಲ ವಸ್ತುಸಂಗ್ರಹಾಲಯದಲ್ಲಿ ಚನ್ನಪಟ್ಟಣದ ಗೊಂಬೆಗಳನ್ನು ಕೊಂಡರು. ಶ್ವೇತಭವನದ ಒಡತಿ ಕೊಂಡ ಮೇಲೆ ನಮ್ಮವರಿಗೂ ಅದರ ಮೇಲೆ ಕಣ್ಣು ಬಿತ್ತು. ಹಿತ್ತಲ ಗಿಡದ ಗಾದೆ ಇಲ್ಲಿಯೂ ನಿಜವಾಯಿತು!

2020ರ ನಂತರ ಈ ಒಲವು ಇನ್ನೂ ಬೆಳೆಯಿತು. ಆ ವರ್ಷದ ಕೇಂದ್ರ ಬಜೆಟ್ಟಿನಲ್ಲಿ ಆಟಿಕೆಗಳ ಆಮದು ಸುಂಕ ಶೇಕಡಾ 20ರಿಂದ 60ಕ್ಕೆ ಏರಿತು. 2023ರಲ್ಲಿ 70 ಆಯಿತು. 2020ರ ಆಗಸ್ಟಿನಲ್ಲಿ ಪ್ರಧಾನಿ ನರೇಂದ್ರ ಮೋದಿ ತಮ್ಮ ಬಾನುಲಿ ಭಾಷಣದಲ್ಲಿ ಚನ್ನಪಟ್ಟಣವನ್ನು ಹೆಸರಿಸಿದರು. 2022ರ ಗಣರಾಜ್ಯೋತ್ಸವದಲ್ಲಿ ಕರ್ನಾಟಕದ ಸ್ತಬ್ಧಚಿತ್ರದ ವಿಷಯವೇ ಸಾಂಪ್ರದಾಯಿಕ ಕರಕುಶಲ ಕಲೆಗಳು. ಅದರಲ್ಲಿ ಕಮಲಾದೇವಿಯವರ ಪ್ರತಿಮೆಯೂ ಇತ್ತು, ಅದಕ್ಕೆ ಎರಡನೆಯ ಬಹುಮಾನವೂ ಬಂತು. ಕೋವಿಡ್ ಕಾಲದಲ್ಲಿ ಮನೆಯೊಳಗೆ ಕುಳಿತು ಕಂಪ್ಯೂಟರಿನ ಪರದೆ ನೋಡಿ ಬೇಸತ್ತ ತರುಣರು ಮರ, ಮಣ್ಣು, ದಾರ ಹಿಡಿದದ್ದನ್ನು ನಾವೇ ನಮ್ಮ ಮನೆಗಳಲ್ಲಿ ಕಂಡಿದ್ದೇವೆ. ಬೆಂಗಳೂರಿನ ಹುಡುಗ ಹುಡುಗಿಯರು ಭಾನುವಾರ ಚನ್ನಪಟ್ಟಣಕ್ಕೆ ಹೋಗಿ ಲೇತಿನ ಮುಂದೆ ಕುಳಿತು, ತಾವೇ ಒಂದು ಬುಗುರಿ ಕಡೆದು ತರುವುದೂ ನಡೆದಿದೆ.

ಇಲ್ಲಿಗೆ ನಿಲ್ಲಿಸಿದರೆ ಸುಖಾಂತವಾದ ಕತೆ. ಆದರೆ ಇತಿಹಾಸ ಇಷ್ಟಕ್ಕೆ ನಿಲ್ಲುವುದಿಲ್ಲ.

ಒಂದನೆಯದು ರಸ್ತೆ. 2023ರ ಮಾರ್ಚ್ 12ರಂದು ಬೆಂಗಳೂರು-ಮೈಸೂರು ಎಕ್ಸ್‌ಪ್ರೆಸ್ ಹೆದ್ದಾರಿಯ ಉದ್ಘಾಟನೆಯಾಯಿತು. ಮೊದಲು ಮೂರು ಗಂಟೆ ಹಿಡಿಯುತ್ತಿದ್ದ ದಾರಿ ಅದರ ಅರ್ಧಕ್ಕೆ ಇಳಿಯಿತು. ರಜೆಯಲ್ಲಿ ಊರಿಗೆ ಹೋಗುವ ನಮಗೆಲ್ಲ ಸಂತೋಷ. ಆದರೆ ಆ ಹೆದ್ದಾರಿ ರಾಮನಗರ, ಚನ್ನಪಟ್ಟಣ, ಮದ್ದೂರುಗಳ ಒಳಗೆ ಹೋಗದೆ ಬದಿಯಲ್ಲಿ ಹಾದುಹೋಗುತ್ತದೆ. ಹಳೆಯ ರಸ್ತೆಯ ಇಕ್ಕೆಲಗಳಲ್ಲಿದ್ದ ಗೊಂಬೆ ಅಂಗಡಿಗಳ ವ್ಯಾಪಾರವೆಲ್ಲ ದಾರಿಹೋಕರನ್ನು ನಂಬಿಕೊಂಡಿತ್ತು. ಕಾರು ನಿಲ್ಲಿಸಿ ಇಳಿದು ಕೊಳ್ಳುವವರು ಏಕಾಏಕಿ ಕಡಿಮೆಯಾದರು. ದೆಹಲಿಯಲ್ಲಿ ಸ್ತಬ್ಧಚಿತ್ರಕ್ಕೆ ಬಹುಮಾನ ಬಂದ ಮರುವರ್ಷವೇ ಊರಿನ ಅಂಗಡಿಗಳ ಮುಂದೆ ನೊಣ ಹೊಡೆಯುವ ಪರಿಸ್ಥಿತಿ ಬಂತು.

ಎರಡನೆಯದು ಇನ್ನೂ ದೊಡ್ಡದು. ಕೊಳ್ಳುವ ತರುಣರು ಬಂದರು. ಕಡೆಯುವ ತರುಣರು ಎಲ್ಲಿ? ಓಲೆ ಹಾಕಿಕೊಳ್ಳುವ ಹುಡುಗಿಗೆ ಅದು ಸೊಗಸು. ಅದನ್ನು ಕಡೆದವನ ಮಗನಿಗೆ ಅದು ತಂದೆಯ ಕೆಮ್ಮು, ಮರದ ಪುಡಿ, ಡಜನ್ ಲೆಕ್ಕದ ಕೂಲಿ. ಹತ್ತಿರದ ಬಿಡದಿಯಲ್ಲಿ ಕಾರ್ಖಾನೆಗಳಿವೆ, ಬೆಂಗಳೂರಿನಲ್ಲಿ ಕೆಲಸಗಳಿವೆ, ತಿಂಗಳಾದರೆ ಸಂಬಳ ಬರುತ್ತದೆ. ಹಳ್ಳಿಯಲ್ಲಿ ತಂದೆಯ ಕಸುಬು ಬಿಟ್ಟು ಡಿಗ್ರಿ ಹಿಡಿದು ವಿಮಾನ ಹತ್ತಿದ ನಾವು, ಆ ಹುಡುಗನಿಗೆ "ನೀನು ಮಾತ್ರ ಲೇತಿನ ಮುಂದೆಯೇ ಕೂತಿರು" ಎಂದು ಬುದ್ಧಿ ಹೇಳುವ ಹಕ್ಕು ಪಡೆದವರಲ್ಲ.

ಈಗ ಶುಕ್ರವಾರಪೇಟೆಯ ಆ ಮೂರು ಕಸುಬುಗಳಿಗೆ ಮರಳೋಣ. ಗೊಂಬೆ, ತಂತಿ, ಬಳೆ. ಇಂದು ಚನ್ನಪಟ್ಟಣದ ಹೆಸರಿನೊಡನೆ ತಂತಿಯನ್ನು ಯಾರೂ ನೆನೆಯುವುದಿಲ್ಲ, ಬಳೆಯನ್ನೂ ನೆನೆಯುವುದಿಲ್ಲ. ಏಕೆ? ಜನ ವೀಣೆ ನುಡಿಸುವುದನ್ನು ಬಿಟ್ಟರೇ? ಇಲ್ಲ. ನಮ್ಮ ಸಂಘದ ಮಕ್ಕಳೇ ವಾರಕ್ಕೊಮ್ಮೆ ವೀಣೆ ಪಾಠಕ್ಕೆ ಹೋಗುತ್ತಾರೆ. ಹೆಂಗಸರು ಬಳೆ ತೊಡುವುದನ್ನು ಬಿಟ್ಟರೇ? ಅದೂ ಇಲ್ಲ. ಇಂದು ನಾಡಿನ ಗಾಜಿನ ಬಳೆಗಳಲ್ಲಿ ಬಹುಪಾಲು ಉತ್ತರ ಪ್ರದೇಶದ ಫಿರೋಜಾಬಾದಿನಿಂದ ಬರುತ್ತವೆ. ವೀಣೆ ಉಳಿಯಿತು, ಚನ್ನಪಟ್ಟಣದ ತಂತಿ ಹೋಯಿತು. ಬಳೆ ಉಳಿಯಿತು, ಚನ್ನಪಟ್ಟಣದ ಬಳೆಗಾರ ಹೋದ.

ಯುವಜನರ ಒಲವಿನ ಬಗ್ಗೆ ಸಂಭ್ರಮಿಸುವಾಗ ನಾವು ಮರೆಯಬಾರದ ಪಾಠ ಇದೇ. ಸಾಮಾನಿನ ಮೇಲೆ ಪ್ರೀತಿ ಇದ್ದ ಮಾತ್ರಕ್ಕೆ ಕಸುಬು ಉಳಿಯುವುದಿಲ್ಲ. ಅದೇ ಬುಗುರಿಯನ್ನು ನಾಳೆ ಎಲ್ಲೋ ಒಂದು ಯಂತ್ರ ಕಡೆದು, ಬಣ್ಣ ಎರಚಿ, ಅರ್ಧ ಬೆಲೆಗೆ ಕಳಿಸಿದರೆ ನಮ್ಮ ಮೆಟ್ಟಿಲಿನ ಮೇಲೆ ಬುಗುರಿ ಇದ್ದೇ ಇರುತ್ತದೆ, ಚನ್ನಪಟ್ಟಣ ಇರುವುದಿಲ್ಲ. ಮೂರು ಕಸುಬುಗಳಲ್ಲಿ ಗೊಂಬೆಯೊಂದೇ ಉಳಿದದ್ದು ಪ್ರತಿ ಕಷ್ಟಕಾಲದಲ್ಲೂ ಯಾರೋ ಒಬ್ಬರು ಹೊಸ ಕೈಗಳಿಗೆ ಕಲಿಸಿದ್ದರಿಂದ, ಆ ಕೈಗಳಿಗೆ ಹೊಸ ಕೆಲಸ ಹುಡುಕಿಕೊಟ್ಟದ್ದರಿಂದ. ಪರ್ಷಿಯಾದವರ ಕತೆಯಲ್ಲಿ ಇರುವುದೂ ಅದೇ, ಬಾವಾಸ್ ಮಿಯಾನ್ ಮಾಡಿದ್ದೂ ಅದೇ, ಕಮಲಾದೇವಿಯವರು ಮಾಡಿದ್ದೂ ಅದೇ. ಕಲಿಸುವುದು, ಕೂಲಿ ಕೊಡುವುದು, ಹೊಸದನ್ನು ಮಾಡಲು ಬಿಡುವುದು. ಗೊಂಬೆಯನ್ನು ಪೂಜೆಗೆ ಕೂರಿಸಿದವರಿಗಿಂತ ಲೇತನ್ನು ತಿರುಗಿಸುತ್ತ ಇಟ್ಟವರು ಕಸುಬನ್ನು ಉಳಿಸಿದರು.

ಸಾವಿರಾರು ಮೈಲಿ ದೂರದಲ್ಲಿರುವ ನಮ್ಮಿಂದ ಏನಾದೀತು ಎಂದು ಕೇಳಬಹುದು. ದೊಡ್ಡದೇನೂ ಆಗದು, ಸಣ್ಣ ಸಣ್ಣ ಕೆಲಸಗಳಾಗಬಹುದು. ಮುಂದಿನ ರಜೆಯಲ್ಲಿ ಮೈಸೂರಿಗೆ ಹೊರಟಾಗ ಹೆದ್ದಾರಿಯಿಂದ ಇಳಿದು, ಹಳೆಯ ರಸ್ತೆಯಲ್ಲಿ ಚನ್ನಪಟ್ಟಣಕ್ಕೆ ಹೋಗೋಣ. ಹೆಚ್ಚೆಂದರೆ ಒಂದು ಗಂಟೆ ತಡವಾದೀತು. ಅಂಗಡಿಯಲ್ಲಿ ಎರಡು ಪ್ರಶ್ನೆ ಕೇಳೋಣ: ಇದು ಅರಗಿನ ಬಣ್ಣವೋ, ಪೇಂಟೋ? ಕಡೆದವರು ಯಾರು? ಇಂದು ಅಲ್ಲಿ ಸಿಗುವುದೆಲ್ಲ ಅರಗಲ್ಲ, ಎಲ್ಲವೂ ಆಲೆಮರವೂ ಅಲ್ಲ. ಕೇಳಿ ಕೊಳ್ಳುವವರಿದ್ದರೆ ಮಾತ್ರ ಒಳ್ಳೆಯದನ್ನು ಮಾಡುವವರಿಗೆ ಬೆಲೆ. ಆಮೇಲೆ, ದಯವಿಟ್ಟು ಚೌಕಾಶಿ ಬೇಡ. ಇಲ್ಲಿ ಒಂದು ಕಾಫಿಗೆ ಐದು ಡಾಲರ್ ಕೊಟ್ಟು ಸುಮ್ಮನೆ ಬರುವ ನಾವು ಅಲ್ಲಿ ಇಪ್ಪತ್ತು ರೂಪಾಯಿಗೆ ವಾದಿಸುವುದು ಚೆನ್ನಾಗಿ ಕಾಣುವುದಿಲ್ಲ.

ನಮ್ಮ ಸಂಘಕ್ಕೂ ಒಂದು ಸಲಹೆ. ಪ್ರತಿ ವರ್ಷ ರಾಜ್ಯೋತ್ಸವದಲ್ಲಿ ಮಕ್ಕಳಿಗೆ ಬಹುಮಾನವೆಂದು ಚಿನ್ನದ ಬಣ್ಣ ಬಳಿದ ಪ್ಲಾಸ್ಟಿಕ್ ಕಪ್ಪುಗಳನ್ನು ಕೊಡುತ್ತೇವೆ. ಅವು ಮನೆಗೆ ಹೋದ ಮೇಲೆ ಎಲ್ಲಿಗೆ ಹೋಗುತ್ತವೆಂದು ಎಲ್ಲರಿಗೂ ಗೊತ್ತು! ಅದೇ ಹಣಕ್ಕೆ ಚನ್ನಪಟ್ಟಣದಿಂದ ತರಿಸೋಣ. ನವೆಂಬರಿಗೆ ಬೇಕಾದ್ದನ್ನು ಅಕ್ಟೋಬರಿನಲ್ಲಿ ಅವಸರ ಮಾಡದೆ, ವರ್ಷದ ಮೊದಲಲ್ಲೇ ಮುಂಗಡ ಕೊಟ್ಟು ಹೇಳಿದರೆ ಅಲ್ಲಿ ಕೆಲಸ ಕಡಿಮೆ ಇರುವ ತಿಂಗಳುಗಳಲ್ಲಿ ಒಂದೆರಡು ಲೇತುಗಳಾದರೂ ತಿರುಗುತ್ತವೆ. ಊರಿಗೆ ಹೋಗುವ ನಮ್ಮ ಕಾಲೇಜಿನ ಮಕ್ಕಳನ್ನು ಒಂದು ದಿನ ಆ ಲೇತಿನ ಮುಂದೆ ಕೂರಿಸೋಣ. ಅರಗಿನ ಕಡ್ಡಿ ಒತ್ತಿ ಹಿಡಿದು, ಮೊದಲ ಬುಗುರಿ ಕೆಡಿಸಿಕೊಂಡರೆ, ಎರಡನೆಯದರ ಬೆಲೆ ಅವರಿಗೆ ಯಾರೂ ಹೇಳಬೇಕಾಗಿಲ್ಲ.

ಈ ನವರಾತ್ರಿಗೆ ನಾವಂತೂ ಒಂದು ನಿರ್ಧಾರ ಮಾಡಿದ್ದೇವೆ. ಕೆಳಗಿನ ಮೆಟ್ಟಿಲಿನ ಆ ಒರಳು, ಬೀಸುವ ಕಲ್ಲು, ಬುಗುರಿಗಳನ್ನು ಮಕ್ಕಳ ಕೈಗೆಟುಕುವ ಹಾಗೆಯೇ ಇಡುತ್ತೇವೆ. ಮುಟ್ಟಬೇಡಿ ಎಂದು ಗದರಿಸುವುದಿಲ್ಲ. ಯಾರು ಮಾಡುತ್ತಾರೆ ಎಂದು ಅವರು ಕೇಳಿದಾಗ ಹೇಳಲು ಈಗ ನಮ್ಮ ಬಳಿ ಉತ್ತರವಿದೆ.